ಎದ್ದು ನಿಂತು ಒಪ್ಪಿಕೊಂಡ ಮೇಷ್ಟ್ರು

ನಮ್ಮ ಮೇಷ್ಟ್ರು ತೀರಿಕೊಂಡ ಮೇಲೆ ಹಿರಿಯೂರಿನ ಕಾಲೇಜಿನಲ್ಲಿ ಒಂದು ಸಂತಾಪ ಸಭೆ ನಡೆಯಿತು. ಏಳು ಜನ ಮಾತಾಡಿದರು. ಏಳೂ ಜನ ಒಂದೇ ಪಕ್ಷ. ಶಿಸ್ತಿನ ಸಿಪಾಯಿ, ಜ್ಞಾನದ ಗಣಿ, ವಿದ್ಯಾರ್ಥಿಗಳ ಕಣ್ಮಣಿ. ಯಾರ ಫೋಟೋದ ಮುಂದೆ ನಿಂತು ಹೇಳಿದರೂ ನಡೆಯುವ ಮಾತುಗಳು. ಮೇಷ್ಟ್ರು ಇದ್ದಿದ್ದರೆ ಕೊನೆಯ ಬೆಂಚಿನಲ್ಲಿ ಕುಳಿತು ಏಳೂ ಜನರಿಗೆ ಸೊನ್ನೆ ಹಾಕುತ್ತಿದ್ದರು. ಎದುರು ಪಕ್ಷದ ಮಾತನ್ನು ಹೇಳದೆ ಮುಗಿಸಿದ ಭಾಷಣಕ್ಕೆ ಅವರಲ್ಲಿ ಅಂಕ ಇರಲಿಲ್ಲ.

ಆದ್ದರಿಂದ ಮೊದಲೇ ಹೇಳಿಬಿಡುತ್ತೇನೆ. ಅವರು ಒಳ್ಳೆಯ ಮೇಷ್ಟ್ರು. ಅವರಿಂದಾಗಿ ಒಂದು ಶಾಲೆ ಮುಚ್ಚಿತು. ಎರಡೂ ನಿಜ. ಎರಡನೆಯದರಲ್ಲಿ ನನ್ನ ಪಾಲೂ ಇದೆ.

ಅವರು ಬಿ.ಎ. ತರಗತಿಗೆ ಯುರೋಪಿನ ಇತಿಹಾಸ ಹೇಳುತ್ತಿದ್ದರು. ಪಠ್ಯದಲ್ಲಿ ಪುನರುಜ್ಜೀವನ ಕಾಲದ ಶಿಕ್ಷಣಕ್ಕೆ ಇದ್ದದ್ದು ಅರ್ಧ ಪುಟ. ಬೇರೆ ಕಾಲೇಜುಗಳಲ್ಲಿ ಅದನ್ನು ಓದಿಕೊಳ್ಳಿ ಎಂದು ಬಿಟ್ಟುಬಿಡುತ್ತಾರೆ. ನಮ್ಮ ಮೇಷ್ಟ್ರು ಆ ಅರ್ಧ ಪುಟಕ್ಕೆ ಒಂದೂವರೆ ತಿಂಗಳು ತೆಗೆದುಕೊಳ್ಳುತ್ತಿದ್ದರು. ಇಂಗ್ಲೆಂಡಿನ ಗ್ರಾಮರ್ ಶಾಲೆ ಅಂದರೆ ಅವರಿಗೆ ಅಷ್ಟು ಹುಚ್ಚು. ಅಲ್ಲಿಗೆ ಹೋದವರಲ್ಲ. ಪಾಸ್‌ಪೋರ್ಟ್ ಕೂಡ ಮಾಡಿಸಿರಲಿಲ್ಲ. ಆದರೆ ನಾಲ್ಕೈದು ಶತಮಾನದ ಹಿಂದೆ ಅಲ್ಲಿಯ ಒಂದು ಸಣ್ಣ ಪೇಟೆಯ ಶಾಲೆಯಲ್ಲಿ ಕಿಟಕಿ ಯಾವ ಎತ್ತರದಲ್ಲಿತ್ತು ಎನ್ನುವುದು ಗೊತ್ತಿತ್ತು. ಹುಡುಗರು ಹೊರಗೆ ನೋಡಬಾರದು ಎಂದು ತಲೆಗಿಂತ ಮೇಲೆ ಇಟ್ಟಿರುತ್ತಿದ್ದರಂತೆ.

ಒಂದು ಉದ್ದನೆಯ ಕೋಣೆ. ಗೋಡೆಯುದ್ದಕ್ಕೂ ಬೆಂಚು. ಒಂದು ತುದಿಯಲ್ಲಿ ದೊಡ್ಡ ಮೇಷ್ಟ್ರು, ಇನ್ನೊಂದು ತುದಿಯಲ್ಲಿ ಚಿಕ್ಕವರಿಗೆ ಪಾಠ ಹೇಳುವ ಸಹಾಯಕ ಮೇಷ್ಟ್ರು. ಎಲ್ಲ ತರಗತಿಯೂ ಅದೇ ಕೋಣೆಯಲ್ಲಿ. ಕೈಗವಸು ಹೊಲಿಯುವವನ ಮಗ, ಕಸಾಯಿಯ ಮಗ, ಚಿಕ್ಕ ವ್ಯಾಪಾರಿಯ ಮಗ ಒಟ್ಟಿಗೆ ಕೂತು ಬೆಳಗಿನಿಂದ ಸಂಜೆಯವರೆಗೆ ಲ್ಯಾಟಿನ್ ಕಲಿಯಬೇಕು. ಆಟದ ಹೊತ್ತಿನಲ್ಲೂ ಲ್ಯಾಟಿನ್ನೇ ಆಡಬೇಕು. ಇಂಗ್ಲಿಷ್ ಆಡಿದವನ ಹೆಸರು ಬರೆದುಕೊಳ್ಳಲು ಒಬ್ಬ ಹುಡುಗನನ್ನೇ ನೇಮಿಸಿರುತ್ತಿದ್ದರು.

“ಇಂಗ್ಲಿಷ್ ಮಾತಾಡಿದ್ರೆ ಏಟಾ ಸರ್?” ಎಂದು ಹಿಂದಿನಿಂದ ಒಬ್ಬ ಕೇಳಿದ. ಅವನು ಇಂಗ್ಲಿಷಿನಲ್ಲಿ ಎರಡು ಸಲ ಫೇಲಾಗಿದ್ದ.

“ಹೌದಪ್ಪ. ನೀನು ಬಚಾವು.”

ತರಗತಿ ನಕ್ಕಿತು. ಮೇಷ್ಟ್ರು ನಗಲಿಲ್ಲ. ಇಂಗ್ಲಿಷ್ ಒಂದು ಕಾಲಕ್ಕೆ ಬಡವರ ಮನೆಮಾತಾಗಿತ್ತು, ಅದನ್ನು ಆಡಿದರೆ ನಾಚಿಕೆಪಡಬೇಕಿತ್ತು ಎಂಬುದನ್ನು ಹಿರಿಯೂರಿನ ಮಕ್ಕಳಿಗೆ ಹೇಳಲಿಕ್ಕೇ ತಾವು ಹುಟ್ಟಿದ್ದೇವೆ ಎನ್ನುವ ಹಾಗೆ ಮುಂದುವರಿಸಿದರು.

ಅವರ ಕೈಯಲ್ಲಿ ಒಂದು ಮರದ ಹಲಗೆ ಇರುತ್ತಿತ್ತು. ಕೆಳಗೊಂದು ಹಿಡಿ. ಆ ಕಾಲದ ಮಕ್ಕಳ ಮೊದಲ ಪುಸ್ತಕ ಹಾಗೇ ಇತ್ತಂತೆ. ಹಲಗೆಯ ಮೇಲೆ ಅಕ್ಷರದ ಒಂದು ಹಾಳೆ, ಅದು ಕೊಳೆಯಾಗದಂತೆ ಮೇಲೆ ದನದ ಕೊಂಬಿನಿಂದ ಸೀಳಿದ ತೆಳುವಾದ ಪೊರೆ. ಮೇಷ್ಟ್ರು ಬಡಗಿಗೆ ಹೇಳಿ ಹಲಗೆ ಮಾಡಿಸಿದ್ದರು. ಕೊಂಬಿನ ಪೊರೆ ಎಲ್ಲಿ ಸಿಗಬೇಕು? ತಮ್ಮ ಮೊಣಕಾಲಿನ ಎಕ್ಸ್‌ರೇ ಹಾಳೆಯನ್ನು ತೊಳೆದು ತೊಳೆದು ತಿಳಿಯಾಗಿಸಿ ಅದನ್ನೇ ಮೊಳೆ ಹೊಡೆದು ಕೂರಿಸಿದ್ದರು. ಬೀದಿಯ ಮಕ್ಕಳು ಅದನ್ನು ಕಂಡು, “ಮೇಷ್ಟ್ರೇ, ಬ್ಯಾಟ್ ಕೊಡ್ರಿ” ಎಂದು ಹಿಂದೆ ಬೀಳುತ್ತಿದ್ದರು. ಬೇರೆಯವರಾಗಿದ್ದರೆ ಗದರುತ್ತಿದ್ದರು. ಇವರಿಗೆ ಪರಮಾನಂದ. “ಅಲ್ಲೀ ಹುಡುಗ್ರೂ ಇದರಲ್ಲಿ ಚೆಂಡೇ ಹೊಡೀತಿದ್ರು ಕಣಮ್ಮ” ಎಂದು ನನಗೆ ಹೇಳಿದರು, ಯಾವುದೋ ದಾವೆ ಗೆದ್ದವರ ಹಾಗೆ.

ಶನಿವಾರ ನಮಗೆ ಚರ್ಚಾಸ್ಪರ್ಧೆಯ ಅಭ್ಯಾಸ. ಬೆಳಗ್ಗೆ ಆರಕ್ಕೆ. ಯಾಕೆ ಆರು? ಅಲ್ಲಿಯ ಶಾಲೆಗಳು ಆರಕ್ಕೆ ತೆರೆಯುತ್ತಿದ್ದವು, ಅದಕ್ಕೆ. ಚಳಿಗಾಲದಲ್ಲಿ ಏಳಕ್ಕೆ, ಅಲ್ಲೂ ಚಳಿಗಾಲದಲ್ಲಿ ಏಳಕ್ಕೇ ಇತ್ತಲ್ಲ. ನಾನು ಬಬ್ಬೂರಿನಿಂದ ಸೈಕಲ್ಲಿನಲ್ಲಿ ಬರಬೇಕು. ನನ್ನವ್ವ ಅಲ್ಲಿಯ ಕೃಷಿ ಫಾರಂನಲ್ಲಿ ಕಳೆ ತೆಗೆಯುವ ಕೆಲಸಕ್ಕೆ ಹೋಗುತ್ತಿದ್ದವಳು. ಅವಳು ಎದ್ದು ಒಲೆ ಹಚ್ಚುವ ಹೊತ್ತಿಗೆ ನಾನು ಚಪ್ಪಲಿ ಮೆಟ್ಟಿರುತ್ತಿದ್ದೆ. “ನಿಮ್ ಮೇಷ್ಟ್ರಿಗೆ ನಿದ್ದೆ ಬರಲ್ವೇನೇ? ಯಾವ್ ಡಾಕ್ಟ್ರಿಗಾದ್ರೂ ತೋರಿಸ್ಕಳಾಕೆ ಹೇಳು” ಎನ್ನುತ್ತಿದ್ದಳು.

ಅಭ್ಯಾಸದಲ್ಲಿ ಅವರಿಗೆ ಎರಡು ನಿಯಮ. ಒಂದು, ಯಾವ ವಿಷಯಕ್ಕೂ ನೋಟ್‌ಬುಕ್ಕಿನ ಎಡಪುಟದಲ್ಲಿ ಒಂದು ಪಕ್ಷ, ಬಲಪುಟದಲ್ಲಿ ಇನ್ನೊಂದು. ಯಾವ ಪುಟ ಮಾತಾಡಬೇಕು ಎನ್ನುವುದನ್ನು ಅವರು ಎದ್ದು ನಿಲ್ಲಿಸಿದ ಮೇಲೆಯೇ ಹೇಳುತ್ತಿದ್ದರು. ಗ್ರಾಮರ್ ಶಾಲೆಯ ದೊಡ್ಡ ಹುಡುಗರಿಗೆ ಹೀಗೇ ಎರಡೂ ಕಡೆ ವಾದಿಸುವ ತಾಲೀಮು ಇತ್ತಂತೆ. ಎರಡು, ಎದುರಿನವರ ಮಾತಿಗೆ ಉತ್ತರ ಇಲ್ಲದಿದ್ದರೆ ಸುಮ್ಮನೆ ಕೂರುವಂತಿಲ್ಲ, ವಿಷಯ ತಿರುಗಿಸುವಂತಿಲ್ಲ. ಎದ್ದು ನಿಂತು “ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ” ಎಂದು ಎಲ್ಲರಿಗೂ ಕೇಳುವಂತೆ ಹೇಳಬೇಕು. ಹೇಳಿದ ಮೇಲೆ ಆ ವಿಷಯ ಮುಗಿಯಿತು. ಮತ್ತೆ ಯಾರೂ ಬಾಯಿ ತೆರೆಯುವಂತಿಲ್ಲ. ಈ ಎರಡನೆಯದು ಇಂಗ್ಲೆಂಡಿನದಲ್ಲ, ಸ್ವಂತದ್ದು ಎಂದು ನನ್ನ ಅನುಮಾನ.

ಅನುವಾದದ್ದೂ ಒಂದು ತಾಲೀಮು. ಇಂಗ್ಲಿಷಿನ ಒಂದು ಪ್ಯಾರಾವನ್ನು ಕನ್ನಡಕ್ಕೆ ತರಬೇಕು. ಒಂದು ವಾರ ಮೂಲವನ್ನು ಮುಚ್ಚಿಟ್ಟು, ನಮ್ಮದೇ ಕನ್ನಡವನ್ನು ಮತ್ತೆ ಇಂಗ್ಲಿಷಿಗೆ ತಿರುಗಿಸಬೇಕು. ಆಮೇಲೆ ಮೂಲ ತೆಗೆದು ಪಕ್ಕದಲ್ಲಿಡಬೇಕು. ಅಲ್ಲಿಯ ಹುಡುಗರು ಲ್ಯಾಟಿನ್ನಿನಲ್ಲಿ ಮಾಡುತ್ತಿದ್ದದ್ದನ್ನು ನಾವು ಪೇಪರಿನ ಸಂಪಾದಕೀಯದಲ್ಲಿ ಮಾಡುತ್ತಿದ್ದೆವು. ನನ್ನದು ವಾಪಸ್ ಬಂದಾಗ ಗುರುತೇ ಸಿಗುತ್ತಿರಲಿಲ್ಲ. “ಹೋದ ದಾರೀಲಿ ವಾಪಸ್ ಬರೋಕಾಗಲ್ಲ ಅಂದ್ರೆ, ನೀನು ಹೋಗೇ ಇಲ್ಲ ಅಂತ ಅರ್ಥ” ಎನ್ನುತ್ತಿದ್ದರು. ಕೆಂಪು ಪೆನ್ನಿನ ಮುಚ್ಚಳವನ್ನು ಹಲ್ಲಿನಲ್ಲಿ ಕಚ್ಚಿಕೊಂಡೇ ಹೇಳುತ್ತಿದ್ದರಿಂದ ಅರ್ಧ ಕೇಳಿಸುತ್ತಿರಲಿಲ್ಲ.

ನನಗೆ ಆ ಶಾಲೆಗಳ ಮೇಲೆ ಮೊದಲಿನಿಂದಲೂ ನಂಬಿಕೆ ಇರಲಿಲ್ಲ. ಒಬ್ಬ ಮನುಷ್ಯ ಇಷ್ಟು ಹೊಗಳಿದರೆ ಏನನ್ನೋ ಮುಚ್ಚುತ್ತಿದ್ದಾನೆ ಎಂದೇ ನನ್ನ ಲೆಕ್ಕ. ಲೈಬ್ರರಿಯಲ್ಲಿ ಹುಡುಕಿದೆ. ಸಿಕ್ಕಿತು. ಮರುದಿನ ಪಾಠದ ಮಧ್ಯೆ ಎದ್ದು ನಿಂತು, “ಆ ಏಟು ಎಂಥದ್ದು ಅಂತ ನೀವು ಹೇಳೋದೇ ಇಲ್ಲ ಸರ್. ಕಡ್ಡಿಯ ಕಂತೆ ಕಟ್ಟಿ ಬರಿಮೈಗೆ ಹೊಡೀತಿದ್ರು” ಎಂದೆ.

ಅವರು ಕೈಯಲ್ಲಿದ್ದ ಹಲಗೆಯನ್ನು ಮೇಜಿನ ಮೇಲಿಟ್ಟರು. “ನಾಳೆ ಹೇಳ್ತೀನಿ, ಕುಂತ್ಕ.”

ಮರುದಿನ ಪೂರ್ತಿ ಒಂದು ಗಂಟೆ ಹೇಳಿದರು. ಯಾವ ಗಿಡದ ಕಡ್ಡಿ, ಎಷ್ಟು ಹೊತ್ತು ನೀರಿನಲ್ಲಿ ನೆನೆಸುತ್ತಿದ್ದರು, ಹುಡುಗನನ್ನು ಯಾರ ಬೆನ್ನ ಮೇಲೆ ಹೊರಿಸಿ ಹಿಡಿಸುತ್ತಿದ್ದರು. ಇಬ್ಬರು ಹುಡುಗಿಯರು ಎದ್ದು ಹೊರಗೆ ಹೋದರು. ಕೊನೆಗೆ ನನ್ನ ಕಡೆ ತಿರುಗಿ, “ಸಾಕಾ?” ಎಂದರು. ಎದುರು ಪಕ್ಷವನ್ನು ಹೇಳು ಎಂದರೆ ಆ ಮನುಷ್ಯ ತಾನೇ ಎದುರು ಪಕ್ಷವಾಗಿಬಿಡುತ್ತಿದ್ದ. ನಾನು ಬಿಡುವವಳೇ?

“ನನ್ನನ್ನ ಆ ಶಾಲೆಗೆ ಸೇರಿಸ್ಕೊಳ್ತಿದ್ರಾ ಸರ್?”

“ಇಲ್ಲ. ಹುಡುಗರಿಗೆ ಮಾತ್ರ.”

“ಮತ್ತೆ ಯಾಕೆ ಅಷ್ಟು ಪ್ರೀತಿ?”

“ಶನಿವಾರ ಅವರ ಪಕ್ಷ ಮಾತಾಡು. ಹುಡುಗೀರನ್ನ ಯಾಕೆ ಸೇರಿಸ್ಕೊಬಾರ್ದು ಅಂತ. ಎಡಪುಟ.”

ಮೂರು ಶನಿವಾರ ನಾನು ಹೋಗಲಿಲ್ಲ. ನಾಲ್ಕನೆಯ ಶನಿವಾರ ಹೋಗಿ ಎದ್ದು ನಿಂತೆ. ಎಡಪುಟ ಖಾಲಿ ಬಿಟ್ಟಿದ್ದೇನೆ ಎಂದೆ. ಹೊಟ್ಟೆ ತುಂಬಿದವರಿಗೆ ಎರಡೂ ಕಡೆ ವಾದ ಮಾಡುವುದು ತಾಲೀಮು, ಬಾಗಿಲ ಹೊರಗೆ ನಿಂತವಳಿಗೆ ತನ್ನನ್ನು ಹೊರಗಿಡುವ ಮಾತನ್ನು ತಾನೇ ಚೆನ್ನಾಗಿ ಆಡಿ ತೋರಿಸು ಅನ್ನುವುದು ತಾಲೀಮಲ್ಲ, ಶಿಕ್ಷೆ ಎಂದೆ. ಮೇಷ್ಟ್ರು ಕುರ್ಚಿಯಿಂದ ಎದ್ದರು. ಮೊಣಕಾಲು ನೋವಿತ್ತು, ಮೇಜು ಹಿಡಿದು ನೆಟ್ಟಗೆ ನಿಂತರು. “ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ” ಎಂದರು. ಅಲ್ಲಿಂದಾಚೆಗೆ ನಾನು ನಂಬದ ಪಕ್ಷವನ್ನು ಮಾತಾಡು ಎಂದು ನನಗೆ ಹೇಳಲಿಲ್ಲ. ನನಗೊಬ್ಬಳಿಗೆ ವಿನಾಯಿತಿ.

ನನ್ನ ಬಿ.ಎ. ಮುಗಿಯುವ ವರ್ಷವೇ ಅವರೂ ನಿವೃತ್ತರಾದರು. ಆ ಬೇಸಿಗೆಯಲ್ಲೇ ಅವರ ಹುಟ್ಟೂರಿನ ಶಾಲೆಯ ಸುದ್ದಿ ಬಂತು. ಹೊಳಲ್ಕೆರೆಯಿಂದ ಬಿ.ದುರ್ಗದ ಕಡೆ ಹೋಗುವ ದಾರಿಯಲ್ಲಿ ಒಂದು ಸಣ್ಣ ಊರು. ಒಂದೇ ಕೋಣೆಯ ಸರ್ಕಾರಿ ಶಾಲೆ, ಐದು ತರಗತಿ, ಒಬ್ಬರೇ ಟೀಚರು. ಮಕ್ಕಳು ಕಡಿಮೆ ಇದ್ದಾರೆ, ಮೂರು ಮೈಲಿ ಆಚೆಯ ದೊಡ್ಡ ಶಾಲೆಗೆ ಸೇರಿಸಬೇಕು ಎಂಬ ಪ್ರಸ್ತಾಪ. ಊರವರ ಅಭಿಪ್ರಾಯ ಕೇಳಲು ಸಭೆ ಇಟ್ಟಿದ್ದರು. ಅವರು ಕಲಿತ ಶಾಲೆ ಅದು. ಅದು ಉಳಿಯಬೇಕು ಎನ್ನುವುದನ್ನು ಬಿಟ್ಟು ಅವರಿಗೆ ಆ ತಿಂಗಳು ಬೇರೆ ಮಾತಿರಲಿಲ್ಲ. ಒಂದು ಕೋಣೆ, ಎಲ್ಲ ತರಗತಿ ಒಟ್ಟಿಗೆ, ದೊಡ್ಡವರು ಚಿಕ್ಕವರ ಪಾಠವನ್ನೂ ಕೇಳಿಸಿಕೊಂಡು ಕೂರುವುದು. ಇಂಗ್ಲೆಂಡ್ ಒಂದು ಇಡೀ ಯುಗವನ್ನು ಕಟ್ಟಿದ್ದು ಇಂಥ ಕೋಣೆಗಳಲ್ಲೇ ಎಂಬುದು ಅವರ ವಾದ. ಊರವರಲ್ಲೂ ಹೆಚ್ಚಿನವರಿಗೆ ಶಾಲೆ ಬೇಕಾಗಿತ್ತು. ಮೇಷ್ಟ್ರು ಒಂದು ಮಾತು ಹೇಳಿದರೆ ಮುಗಿಯಿತು ಎಂದು ಕಾಯುತ್ತಿದ್ದರು.

ಒಂದು ಮಾತು ಹೇಳುವವರಲ್ಲವಲ್ಲ ನಮ್ಮ ಮೇಷ್ಟ್ರು. ನನ್ನನ್ನು ಕರೆಸಿದರು.

“ಮುಚ್ಚಬೇಕು ಅನ್ನೋ ಪಕ್ಷ ನೀನು ಮಾತಾಡು. ಆಮೇಲೆ ನಾನು.”

“ಸಭೆಗೂ ಅಭ್ಯಾಸಕ್ಕೂ ವ್ಯತ್ಯಾಸ ಇದೆ ಸರ್. ಅಲ್ಲಿ ಬರೆದುಕೊಳ್ತಾರೆ.”

“ಎದುರು ಮಾತು ಕೇಳದೆ ಉಳಿಸ್ಕೊಂಡ ಶಾಲೆ ಎಷ್ಟು ದಿನ ಉಳಿಯುತ್ತೆ? ನಿನಗೆ ವಿನಾಯಿತಿ ಐತೆ, ಬಲವಂತ ಇಲ್ಲ.”

ವಿನಾಯಿತಿಯ ಮಾತು ಎತ್ತಿದ್ದೇ ನನಗೆ ಚುಚ್ಚಿತು. ಆಗಲಿ ಎಂದೆ. ಎರಡೂ ಪುಟ ಬರೆದುಕೊಂಡು ಹೋದೆ.

ಶಾಲೆಯ ಮುಂದಿನ ಬೇವಿನ ಮರದ ಕೆಳಗೆ ಸಭೆ. ತಾಲ್ಲೂಕಿನಿಂದ ಬಂದಿದ್ದ ಅಧಿಕಾರಿಗೆ ಒಂದು ಕುರ್ಚಿ, ಮೇಷ್ಟ್ರಿಗೆ ಒಂದು ಕುರ್ಚಿ. ಹೆಂಗಸರು ಜಗಲಿಯ ಮೇಲೆ. “ಬರ್ರಿ ಮೇಷ್ಟ್ರೇ, ಬೇಗ ಹೇಳಿ ಮುಗಿಸ್ರಿ, ತ್ರೀ ಫೇಸ್ ಕರೆಂಟ್ ಬರೋ ಹೊತ್ತು, ಮೋಟ್ರು ಹಾಕಬೇಕು” ಎಂದು ಒಬ್ಬ ಮುಂದೆಯೇ ಕೂತ. ಮೇಷ್ಟ್ರು ನನ್ನನ್ನು ತೋರಿಸಿ, ಈ ಹುಡುಗಿ ಮೊದಲು ಎದುರು ಪಕ್ಷ ಹೇಳುತ್ತಾಳೆ, ಆಮೇಲೆ ನಾನು ಉತ್ತರ ಕೊಡುತ್ತೇನೆ ಎಂದರು. “ಎದುರು ಪಕ್ಷ ಯಾಕ್ರಿ? ಇಲ್ಲಿ ಯಾರೂ ಎದುರಿಗಿಲ್ವಲ್ಲ” ಎಂದಿತು ಒಂದು ದನಿ. ಕೆಲವರು ನಕ್ಕರು.

ನಾನು ಮಾತಾಡಿದೆ. ಅಂಥ ಭಾಷಣವನ್ನು ಅದಕ್ಕೆ ಮೊದಲೂ ಮಾಡಿಲ್ಲ, ಆಮೇಲೂ ಮಾಡಿಲ್ಲ. ನಂಬದ ಪಕ್ಷದಲ್ಲಿ ಒಂದು ಸುಖ ಇದೆ. ಹೆದರಿಕೆ ಇರುವುದಿಲ್ಲ, ಸೋತರೆ ನಾವು ಸೋಲುವುದಿಲ್ಲ. ಮೇಷ್ಟ್ರ ಗ್ರಾಮರ್ ಶಾಲೆಯನ್ನೇ ಎತ್ತಿಕೊಂಡೆ. ಆ ಒಂದು ಕೋಣೆಯಲ್ಲಿ ಸಹಾಯಕ ಮೇಷ್ಟ್ರೊಬ್ಬರಿದ್ದರು, ಇಲ್ಲಿ ಇಲ್ಲ ಎಂದೆ. ಅಲ್ಲಿ ಪುಣ್ಯಾತ್ಮರು ಶಾಲೆಯ ಹೆಸರಿಗೆ ಜಮೀನು ಬಿಟ್ಟು ಮೇಷ್ಟ್ರ ಸಂಬಳ ನಡೆಸಿದರು, ಇಲ್ಲಿ ಯಾರು ಬಿಟ್ಟಿದ್ದೀರಿ ಎಂದೆ. ಬಡವರ ಮಕ್ಕಳು ಅಲ್ಲೂ ಅರ್ಧಕ್ಕೇ ಬಿಟ್ಟು ಕೆಲಸಕ್ಕೆ ಹೋದರು, ಬರೆದಿಟ್ಟವರು ಅವರನ್ನು ಬರೆಯಲಿಲ್ಲ ಎಂದೆ. ಕೊನೆಗೆ ಮೇಷ್ಟ್ರ ಕಡೆ ತಿರುಗಿದೆ.

“ಅಂಥ ಕೋಣೆಯಿಂದ ದೊಡ್ಡವರಾಗಿ ಹೊರಗೆ ಬಂದವರ ಹೆಸರು ನಿಮಗೆ ಬಾಯಿಪಾಠ ಸರ್. ಈ ಕೋಣೆಯಿಂದ ಬಂದದ್ದು ನೀವು. ನಿಮ್ಮ ಜೊತೆ ಇದೇ ಕೋಣೆಯಲ್ಲಿ ಕೂತು ಏನೂ ಕಲಿಯದೆ ಎದ್ದು ಹೋದವರ ಒಂದು ಹೆಸರು ಹೇಳಿ.”

ಅವರು ಬಾಯಿ ತೆರೆಯುವ ಮೊದಲೇ ಜಗಲಿಯಿಂದ ಒಬ್ಬ ಮುದುಕಿ, “ನನ್ ಹೆಸ್ರು ಹೇಳಪ್ಪ, ಮರ್ತಿದ್ದೀಯೇನು?” ಎಂದಳು. “ಮೂರು ವರ್ಸ ನಿನ್ ಪಕ್ಕದ ಸಾಲಿನಾಗೇ ಕುಂತಿದ್ದೆ. ಇವತ್ತಿಗೂ ಹೆಬ್ಬೆಟ್ಟೇ ಒತ್ತೋದು.”

ಹೆಂಗಸರು ನಕ್ಕರು. ಅವಳೂ ನಕ್ಕಳು. ತಮಾಷೆಗೇ ಹೇಳಿದ್ದಳು.

ಮೇಷ್ಟ್ರು ಎದ್ದರು. ಉತ್ತರ ಹೇಳಲಿಕ್ಕೆ ಎದ್ದರು ಎಂದು ಎಲ್ಲರೂ ಅಂದುಕೊಂಡರು, ನಾನೂ. ಅವರು ಜಗಲಿಯ ಕಡೆ ನೋಡುತ್ತ ನಿಂತರು. ಆಮೇಲೆ ತರಗತಿಯ ದನಿಯಲ್ಲಿ, ಕೊನೆಯವರೆಗೂ ಕೇಳುವಂತೆ, “ಇದಕ್ಕೆ ನನ್ನ ಹತ್ತಿರ ಉತ್ತರ ಇಲ್ಲ” ಎಂದು ಕೂತರು.

ಯಾರಿಗೂ ಏನೂ ಅರ್ಥವಾಗಲಿಲ್ಲ. ಅವರ ನಿಯಮ ಆ ಮರದ ಕೆಳಗೆ ನನಗೊಬ್ಬಳಿಗೇ ಗೊತ್ತಿದ್ದದ್ದು. “ಲೇ, ಮೇಷ್ಟ್ರೇ ಮುಚ್ಚಬೇಕು ಅಂತಾರಲ್ಲೋ” ಎಂದ ಒಬ್ಬ. “ಓದಿದೋರು, ಏನೋ ಯೋಚ್ನೆ ಮಾಡಿರ್ತಾರೆ ಬಿಡು” ಎಂದ ಇನ್ನೊಬ್ಬ. ಅಷ್ಟರಲ್ಲಿ ದೂರದಲ್ಲಿ ಯಾರದೋ ಮೋಟರು ಗುಂಯ್ ಎಂದಿತು. ಕರೆಂಟ್ ಬಂದಿತ್ತು. “ಹೋಗಾಣ ನಡೀರಿ” ಎಂದು ಅರ್ಧ ಸಭೆ ಎದ್ದಿತು. ವ್ಯಾನು ಬಿಡುತ್ತೇವೆ, ಮಕ್ಕಳಿಗೆ ತೊಂದರೆ ಇಲ್ಲ ಎಂದು ಅಧಿಕಾರಿ ಹೇಳಿ, ಊರಿನ ಹಿರಿಯರ ಒಪ್ಪಿಗೆ ಇದೆ ಎಂದು ಬರೆದುಕೊಂಡರು. ಅವರ ತಪ್ಪೇನಿದೆ? ಕೇಳಿಸಿದ್ದನ್ನೇ ಬರೆದರು.

ನನ್ನ ಬಲಪುಟದಲ್ಲಿ ಉತ್ತರ ಇತ್ತು. ಮಹಾ ಉತ್ತರವೇನೂ ಅಲ್ಲ. ಒಬ್ಬರೇ ಟೀಚರ್ ಇದ್ದಾರೆ ಎನ್ನುವುದು ಇನ್ನೊಬ್ಬರನ್ನು ಕೊಡಿ ಎಂದು ಕೇಳಲು ಕಾರಣ, ಮುಚ್ಚಲು ಕಾರಣ ಅಲ್ಲ. ಇಲ್ಲಿ ಕೂತವರು ಕಲಿಯದೆ ಹೋದದ್ದು ಕೋಣೆ ಹತ್ತಿರ ಇದ್ದದ್ದರಿಂದಲ್ಲ, ಅವರನ್ನು ಮಧ್ಯದಲ್ಲೇ ಬಿಡಿಸಿದ್ದರಿಂದ. ಕೋಣೆ ದೂರವಾದರೆ ಬಿಡಿಸುವುದು ಇನ್ನೂ ಸುಲಭ. ನಾಲ್ಕು ಸಾಲು. ನೋಟ್‌ಬುಕ್ ಮಡಿಲಲ್ಲೇ ಇತ್ತು. ಒಬ್ಬರು ಒಪ್ಪಿಕೊಂಡ ಮೇಲೆ ಯಾರೂ ಬಾಯಿ ತೆರೆಯುವಂತಿಲ್ಲ ಎಂಬ ನಿಯಮ ನೆನಪಾಯಿತು, ಸುಮ್ಮನೆ ಕೂತೆ.

ಹಿರಿಯೂರಿಗೆ ಬಂದ ಮೇಲೆ ವಾರ ಬಿಟ್ಟು ಮನೆಗೆ ಕರೆದರು. ಮನೆಯಲ್ಲಿ ಅವರೊಬ್ಬರೇ ಇದ್ದರು. ಊರಲ್ಲಿರುವ ತಮ್ಮ ಫೋನ್ ಮಾಡಿ, ಮುಚ್ಚಿಸೋಕೇ ಬಂದಿದ್ದೇನು ಎಂದು ಕೇಳಿ ಮಾತು ಬಿಟ್ಟಿದ್ದಾನೆ ಎಂದರು. ದೂರಿನ ದನಿ ಇರಲಿಲ್ಲ.

“ಬಲಪುಟ ಬರ್ದಿದ್ದೆಯಾ?”

ಕೊಟ್ಟೆ. ಎರಡು ಸಲ ಓದಿದರು. ಅಭ್ಯಾಸಬಲದಿಂದ ಪೆನ್ನಿನ ಮುಚ್ಚಳ ತೆಗೆದು ಹಲ್ಲಿನಲ್ಲಿ ಕಚ್ಚಿದರು, ಎಲ್ಲೂ ಗೆರೆ ಹಾಕಲಿಲ್ಲ.

“ಇದು ಸರಿಯಾದ ಉತ್ತರ.”

“ಅದು ನಿಮ್ಮ ಪಕ್ಷ ಸರ್. ನೀವು ಹೇಳಬೇಕಿತ್ತು.”

“ಹೌದು. ಅವಳ ಮುಖ ನೋಡ್ತಾ ನನಗೆ ಹೊಳೀಲಿಲ್ಲ. ಇನ್ನೂ ಆದೇಶ ಬಂದಿಲ್ಲ. ಇದನ್ನ ಊರಿಗೆ ತಗೊಂಡು ಹೋಗು. ಊರೋರಿಗೆ ಓದಿ ಹೇಳಿ, ಅರ್ಜಿ ಮಾಡಿ ಸಹಿ ಹಾಕ್ಸು. ನಾನು ಹೋದ್ರೆ ಯಾರೂ ಕೇಳಲ್ಲ. ನೀನೇ ಮಾತಾಡಿದ್ದು, ನೀನೇ ವಾಪಸ್ ತಗೊಂಡ್ರೆ ಕೇಳ್ತಾರೆ.”

ಹೋಗುತ್ತೇನೆ ಎಂದೆ. ಆ ವಾರ ಹೋಗಲಿಲ್ಲ. ಅದರ ಮುಂದಿನ ವಾರವೂ ಹೋಗಲಿಲ್ಲ. ಹೋದಾಗ ಹದಿನೈದು ದಿನ ಕಳೆದಿತ್ತು. ಶಾಲೆಯ ಬಾಗಿಲಿಗೆ ಬೀಗ ಇರಲಿಲ್ಲ, ಬೀಗ ಹಾಕಿ ಕಾಯುವಂಥದ್ದು ಒಳಗೆ ಏನೂ ಉಳಿದಿರಲಿಲ್ಲ. ಬೆಂಚು, ಬೋರ್ಡು, ಬಿಸಿಯೂಟದ ಪಾತ್ರೆಗಳನ್ನು ಹಿಂದಿನ ದಿನ ಟ್ರ್ಯಾಕ್ಟರಿನಲ್ಲಿ ದೊಡ್ಡ ಶಾಲೆಗೆ ಸಾಗಿಸಿದ್ದರು.

ಜಗಲಿಯ ಮೇಲೆ ಅದೇ ಮುದುಕಿ ಶೇಂಗಾ ಬಿಡಿಸುತ್ತಿದ್ದಳು. ಅವಳ ಮೊಮ್ಮಗಳನ್ನು ವ್ಯಾನಿಗೆ ಬರೆಸಿದ್ದಾರಂತೆ, ಹುಡುಗಿಗೆ ಖುಷಿ. ಪಕ್ಕದ ಮನೆಯ ಹುಡುಗಿಯನ್ನು ಬರೆಸಿಲ್ಲ. ಅವಳ ಅವ್ವ ಬೆಳಗ್ಗೆಯೇ ಕೂಲಿಗೆ ಹೋಗುತ್ತಾಳೆ, ತೊಟ್ಟಿಲ ಕೂಸನ್ನು ನೋಡಿಕೊಳ್ಳಲು ಇವಳೇ ಬೇಕು. ಇಲ್ಲಾಗಿದ್ದರೆ ಕೂಸನ್ನು ಕಂಕುಳಲ್ಲಿ ಎತ್ತಿಕೊಂಡೇ ಬಂದು ಕೂರುತ್ತಿದ್ದಳು. “ನಿಮ್ ಮೇಷ್ಟ್ರು ಬೇಜಾರಾದ್ರೇನವ್ವ?” ಎಂದಳು. “ನಾನು ನಗಸಾರಕ್ಕೆ ಅಂದಿದ್ದು.”

ಹಿರಿಯೂರಿಗೆ ಬಂದು ಮೇಷ್ಟ್ರಿಗೆ ಎಲ್ಲವನ್ನೂ ಹೇಳಿದೆ. ಇಬ್ಬರು ಹುಡುಗಿಯರದ್ದನ್ನೂ ಹೇಳಿದೆ. ಅವರು ನೋಟ್‌ಬುಕ್ ಇಸಿದುಕೊಂಡು ಬಲಪುಟ ತೆರೆದಿಟ್ಟರು.

“ಹದಿನೈದು ದಿನ ಏನ್ಮಾಡ್ತಿದ್ದೆ?”

ಪರೀಕ್ಷೆ ಮುಗಿದಿತ್ತು. ಮೈ ಚೆನ್ನಾಗಿತ್ತು. ಹೊಳಲ್ಕೆರೆಗೆ ದಿನಕ್ಕೆ ಬೇಕಾದಷ್ಟು ಬಸ್ಸು. ಅವರ ಎದುರು ಸುಳ್ಳು ಹೇಳಿ ಉಪಯೋಗವಿರಲಿಲ್ಲ, ಎರಡು ಪ್ರಶ್ನೆಯಲ್ಲಿ ಹೊರಗೆ ಎಳೆಯುತ್ತಿದ್ದರು.

“ಊರೋರ ಮುಂದೆ ನಿಮ್ಮನ್ನ ಗೆದ್ದಿದ್ದೆ ಸರ್. ಬಿಟ್ಟುಕೊಡೋಕೆ ಮನಸ್ಸು ಬರಲಿಲ್ಲ.”

ಅವರು ನೋಟ್‌ಬುಕ್ ಮುಚ್ಚಿ ನನ್ನ ಕಡೆ ಸರಿಸಿದರು.

“ಅದನ್ನ ನಾನು ಕಲಿಸಿರಲಿಲ್ಲ” ಎಂದರು. ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿ, ಮತ್ತೆ ಹಾಕಿಕೊಂಡು, “ಇಲ್ಲ, ತಡಿ. ಒಪ್ಪಿಕೊಂಡ ಮೇಲೆ ವಿಷಯ ಮುಗೀತು ಅಂದವನು ನಾನೇ. ಅದೂ ನಾನು ಕಲಿಸಿದ್ದೇ” ಎಂದರು.